ನಿಮಗಿದು ಗೊತ್ತೆ? ಪರಾವಲಂಬಿಗೂ ಒಂದು ಪರಾವಲಂಬಿ!

ಪೆರಿಲ್ಯಾಂಪಿಡೇ ಎಂಬ ಸಣ್ಣ ಕುಟುಂಬದ ಕಣಜಗಳು ಕೆಲವೇ ಮಿಲಿಮೀಟರ್ ಉದ್ದ. ಹಲವು ಪ್ರಭೇದಗಳ ಗಟ್ಟಿಮುಟ್ಟಾದ ಮೈ ಲೋಹದಂತೆ ಹಸಿರು, ನೀಲಿಯಾಗಿ ಮಿನುಗುತ್ತದೆ. ಅದಕ್ಕಿಂತ ದೊಡ್ಡ ಬೆರಗು ಇವುಗಳ ಮರಿಯದು. ತಾಯಿ ಎಲೆಯ ಮೇಲೆ ಮೊಟ್ಟೆಯಿಟ್ಟು ಹೋಗುತ್ತದೆ. ಊಟ ಹುಡುಕುವ ಹೊಣೆ ಮರಿಯದೇ. ಕೆಲವು ಪ್ರಭೇದಗಳ ಮರಿ ಹತ್ತಿರ ಬಂದ ಕಂಬಳಿಹುಳುವಿನ ಮೈಯೊಳಕ್ಕೆ ಕೊರೆದು ನುಗ್ಗುತ್ತದೆ. ಆದರೆ ಅದಕ್ಕೆ ಬೇಕಿರುವುದು ಕಂಬಳಿಹುಳುವಲ್ಲ, ಅದನ್ನು ಒಳಗಿನಿಂದ ತಿನ್ನುತ್ತಿರುವ ಟ್ಯಾಕಿನಿಡ್ ನೊಣದ ಮರಿ! ಅದರೊಳಗೆ ಸೇರಿಕೊಂಡು, ಅದು ಹೊರಬಂದು ಕೋಶವಾಗುವವರೆಗೂ ಕಾದು, ಆಮೇಲೆ ತಿಂದು ಬೆಳೆಯುತ್ತದೆ. ಕಂಬಳಿಹುಳುವಿನಲ್ಲಿ ಅಂಥ ಅತಿಥಿ ಇಲ್ಲದಿದ್ದರೆ ಕಣಜದ ಮರಿ ಸಾಮಾನ್ಯವಾಗಿ ಬೆಳೆಯಲಾರದು. ಬೆಳೆ ತಿನ್ನುವ ಹುಳುಗಳನ್ನು ಕೊಲ್ಲುವ ಟ್ಯಾಕಿನಿಡ್ ನೊಣ ರೈತರ ಗೆಳೆಯ. ಹಾಗಾಗಿ ಈ ಚೆಲುವಾದ ಕಣಜ ಯಾವಾಗಲೂ ರೈತರ ಪಕ್ಷದಲ್ಲಿಲ್ಲ.