ನಾಗರಹಾವಿಗೆ ಮುತ್ತು: ಲೈಕ್ ಒತ್ತೋ ಮುಂಚೆ ಒಂದು ಮಾತು

ಶಿವಮೊಗ್ಗದ ಆಯನೂರಿನಿಂದ ಮಾತಾಡ್ತಾ ಇದ್ದೀನಿ. ಮಳೆಗಾಲ ಬಂತು ಅಂದ್ರೆ ನಮ್ಮ ಕಡೆ ಕೊಟ್ಟಿಗೆ, ಸೌದೆ ರಾಶಿ, ಬಚ್ಚಲು, ಎಲ್ಲಿ ಬೇಕಾದ್ರೂ ಹಾವು ಸಿಗುತ್ತೆ. ಹಾವು ಹಿಡಿಯೋರಿಗೆ ಫೋನ್ ಹೋಗುತ್ತೆ. ಅವರು ಬರೋ ಹೊತ್ತಿಗೆ ಹತ್ತು ಮೊಬೈಲ್ ಕ್ಯಾಮೆರಾನೂ ರೆಡಿ. ಇವತ್ತಿನ ಮಾತು ಆ ಕ್ಯಾಮೆರಾ ಬಗ್ಗೆ.

2022ರಲ್ಲಿ ನಮ್ಮದೇ ಜಿಲ್ಲೆಯ ಭದ್ರಾವತಿಯ ಒಂದು ವಿಡಿಯೊ ದೇಶವೆಲ್ಲ ಓಡಾಡಿತು. ಹಾವು ಹಿಡಿದ ವ್ಯಕ್ತಿಯೊಬ್ಬರು ನಾಗರಹಾವಿನ ಹೆಡೆಗೆ ಮುತ್ತು ಕೊಡಲು ಹೋದರು. ಹಾವು ತಿರುಗಿ ತುಟಿಗೇ ಕಚ್ಚಿತು. ಪುಣ್ಯಕ್ಕೆ ಜೀವ ಉಳಿಯಿತು. ಆದರೆ ಇದನ್ನು ಹಾವಿನ ಕಡೆಯಿಂದಲೂ ಒಮ್ಮೆ ನೋಡಬೇಕು.

ಹಾವು ಹೆಡೆ ಎತ್ತೋದು ಗತ್ತಿಗಲ್ಲ, ಭಯಕ್ಕೆ. 'ದೂರ ಹೋಗು' ಅನ್ನೋ ಎಚ್ಚರಿಕೆ ಅದು. ಪುಂಗಿ ಮುಂದೆ ತೂಗಾಡೋದೂ ನಾದಕ್ಕಲ್ಲ. ಎದುರಿಗೆ ಅಲ್ಲಾಡುವ ವಸ್ತುವಿನ ಮೇಲೆ ಕಣ್ಣಿಟ್ಟಿರುತ್ತೆ ಅಷ್ಟೆ. ನಾವು ರೀಲ್ಸ್‌ನಲ್ಲಿ 'ಡ್ಯಾನ್ಸ್' ಅಂತ ನೋಡೋದು ಹೆದರಿದ ಜೀವವನ್ನ. ಹಿಡಿದ ತಕ್ಷಣ ಚೀಲ ಸೇರಬೇಕಿದ್ದ ಹಾವನ್ನು ವಿಡಿಯೊಗೋಸ್ಕರ ಹೊರಗೇ ಇಟ್ಟುಕೊಂಡರೆ, ಆ ಕ್ಷಣದಿಂದ ಅದು ರಕ್ಷಣೆ ಅಲ್ಲ, ಆಟ.

ಹಾವಾಡಿಸಿ ಹೊಟ್ಟೆ ಹೊರೆಯೋ ಬಡವರ ಬುಟ್ಟಿಗೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯೇ ಕಡಿವಾಣ ಹಾಕಿತು. ಆ ಕಾಯ್ದೆಗೆ 2022ರಲ್ಲಿ ಆದ ತಿದ್ದುಪಡಿಯಿಂದ ನಾಗರಹಾವು ಈಗ ಹುಲಿ, ಆನೆಗಳಿರುವ ಮೊದಲ ಪಟ್ಟಿಯಲ್ಲಿದೆ. ಸಿನಿಮಾದಲ್ಲಿ ಪ್ರಾಣಿ ಬಳಸೋಕೆ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಬೇಕು. ಆದರೆ ರೀಲ್ಸ್ ಅಪ್‌ಲೋಡ್ ಮಾಡೋ ಮುಂಚೆ ಸರ್ಟಿಫಿಕೇಟ್ ಕೇಳೋರು ಯಾರು? ಯಾರೂ ಇಲ್ಲ. ಅಲ್ಲಿ ಸೆನ್ಸಾರ್ ಅಂದ್ರೆ ನಮ್ಮ ಹೆಬ್ಬೆರಳೇ.

ಹಾಗಂತ ಹಾವಿನ ವಿಡಿಯೊನೇ ಬೇಡ ಅಂತೀನಾ? ಖಂಡಿತ ಇಲ್ಲ. ಹಾವು ಕಂಡ್ರೆ ದೊಣ್ಣೆ ಹಿಡೀತಿದ್ದ ಎಷ್ಟೋ ಮನೆಗಳಲ್ಲಿ ಇವತ್ತು ಫೋನ್ ಹಿಡೀತಾರೆ. ಅದರಲ್ಲಿ ಇಂಥ ವಿಡಿಯೊಗಳ ಪಾಲೂ ಇದೆ. ರಾತ್ರಿ ಹೊತ್ತಲ್ಲೂ ಕರೆದಲ್ಲಿಗೆ ಓಡಿ ಬರೋರಿಗೆ ಸಿಗೋ ಸಂಬಳ ಅಂದ್ರೆ ಹಲವು ಸಲ ಆ ಹೆಸರು ಮಾತ್ರ. ಕೋಲಲ್ಲಿ ಹುಷಾರಾಗಿ ಹಿಡಿದು, ಚೀಲಕ್ಕೆ ಹಾಕಿ, ಕಾಡಿಗೆ ಬಿಡೋದನ್ನ ತೋರಿಸಲಿ, ಧಾರಾಳವಾಗಿ ಶೇರ್ ಮಾಡೋಣ.

ನಾನು ಇಟ್ಟುಕೊಂಡಿರೋ ಪ್ರಶ್ನೆ ಒಂದೇ: ಕ್ಯಾಮೆರಾ ಆಫ್ ಇದ್ದಿದ್ರೆ ಇದು ನಡೀತಿತ್ತಾ? ಮುತ್ತು, ಕೊರಳಿಗೆ ಸುತ್ತಿಕೊಳ್ಳೋದು, ಬಾಲ ಹಿಡಿದು ತಿರುಗಿಸೋದು, ಯಾವುದೂ ನಡೀತಿರಲಿಲ್ಲ. ಅಂಥ ವಿಡಿಯೊ ಬಂದ್ರೆ ಬೈದು ಕಾಮೆಂಟ್ ಹಾಕೋಕೂ ಹೋಗಬೇಡಿ. ಆ್ಯಪ್‌ಗೆ ಬೈಗುಳವೂ ಆಸಕ್ತಿಯ ಲೆಕ್ಕವೇ. ರಿಪೋರ್ಟ್ ಒತ್ತಿ, ಮುಂದೆ ಹೋಗಿ.