ಬೀಗದ ಕೈ ಅಯಸ್ಕಾಂತವಾದಾಗ

1841ರ ನವೆಂಬರಿನಲ್ಲಿ ಮ್ಯಾಂಚೆಸ್ಟರಿನ ಅಥೀನಿಯಂ ಸಭಾಂಗಣದಲ್ಲಿ ಷಾರ್ಲ್ ಲಾಫೊಂತೇನ್ ಎಂಬ ಫ್ರೆಂಚ್ ಮೆಸ್ಮರಿಸ್ಟ್ ಪ್ರದರ್ಶನ ನೀಡುತ್ತಿದ್ದ. ಆತ ಎದುರು ಕೂತು ಕಣ್ಣಲ್ಲಿ ಕಣ್ಣಿಟ್ಟು ನೋಡಿದರೆ ಜನ ನಿದ್ದೆಗೆ ಜಾರುತ್ತಿದ್ದರು, ಸೂಜಿ ಚುಚ್ಚಿದರೂ ಅಲುಗುತ್ತಿರಲಿಲ್ಲ. ತನ್ನ ಮೈಯಿಂದ ಹರಿಯುವ ಕಾಂತಶಕ್ತಿಯೇ ಇದಕ್ಕೆ ಕಾರಣ ಎಂಬುದು ಆತನ ವಾದ. 13ನೇ ತಾರೀಖಿನ ಪ್ರದರ್ಶನ ನೋಡಲು ಬಂದವರಲ್ಲಿ ಜೇಮ್ಸ್ ಬ್ರೇಡ್ ಎಂಬ ಶಸ್ತ್ರವೈದ್ಯರೂ ಇದ್ದರು. 1795ರಲ್ಲಿ ಸ್ಕಾಟ್ಲೆಂಡಿನಲ್ಲಿ ಹುಟ್ಟಿ, ಅಲ್ಲಿನ ಗಣಿ ಕಾರ್ಮಿಕರ ವೈದ್ಯರಾಗಿ ದುಡಿದು, 1828ರಲ್ಲಿ ಮ್ಯಾಂಚೆಸ್ಟರಿಗೆ ಬಂದು ನೆಲೆಸಿದ್ದ ಬ್ರೇಡ್, ವಕ್ರಪಾದ ಮತ್ತು ಮೆಳ್ಳೆಗಣ್ಣಿನ ಶಸ್ತ್ರಚಿಕಿತ್ಸೆಯಲ್ಲಿ ಹೆಸರು ಮಾಡಿದ್ದರು. ಇದೆಲ್ಲ ಬರೀ ಮೋಸ ಎಂದುಕೊಂಡೇ ಅವರು ಬಂದಿದ್ದರು. ಆದರೆ ನಿದ್ದೆಗೆ ಜಾರಿದ ಒಬ್ಬರಿಗೆ ರೆಪ್ಪೆ ತೆರೆಯಲು ನಿಜವಾಗಿಯೂ ಆಗುತ್ತಿಲ್ಲ ಎಂಬುದನ್ನು ಬ್ರೇಡ್ ಅವರ ಕಣ್ಣು ಗುರುತಿಸಿತು. ಮತ್ತೊಂದು ದಿನ ಹೋಗಿ ಅದನ್ನೇ ಇನ್ನಷ್ಟು ಹತ್ತಿರದಿಂದ ಪರೀಕ್ಷಿಸಿದರು.

ಆಮೇಲೆ ಅವರು ಮನೆಯಲ್ಲಿ ನಡೆಸಿದ ಪರೀಕ್ಷೆಗಳು ಮನೋವಿಜ್ಞಾನದ ಚರಿತ್ರೆಯಲ್ಲಿ ಈಗಿರುವುದಕ್ಕಿಂತ ದೊಡ್ಡ ಜಾಗಕ್ಕೆ ಅರ್ಹವಾದವು. ಮೊದಲು ಒಬ್ಬ ಗೆಳೆಯನನ್ನು ಕೂರಿಸಿ ವೈನ್ ಬಾಟಲಿಯ ಕತ್ತನ್ನೇ ದಿಟ್ಟಿಸಲು ಹೇಳಿದರು. ಮೂರು ನಿಮಿಷದಲ್ಲಿ ಗೆಳೆಯನ ಕಣ್ಣು ಮುಚ್ಚಿತು. ನಂತರ ಹೆಂಡತಿಯನ್ನು ಕೂರಿಸಿ ಪಿಂಗಾಣಿ ಸಕ್ಕರೆ ಬಟ್ಟಲಿನ ಚಿತ್ತಾರ ನೋಡಲು ಹೇಳಿದರು. ಅವರಿಗೂ ಹಾಗೇ ಆಯಿತು. ಬಾಟಲಿಯಿಂದ, ಬಟ್ಟಲಿನಿಂದ ಯಾವ ಕಾಂತಶಕ್ತಿ ಹರಿದೀತು? ಆದರೂ ಬ್ರೇಡ್ ಅವರಿಗೆ ಸಮಾಧಾನವಾಗಲಿಲ್ಲ. ಮೆಸ್ಮರಿಸಂ ಎಂದರೆ ಹೀಗೆ ನಿದ್ದೆ ಬರಬೇಕು ಎಂಬುದು ಈ ಇಬ್ಬರಿಗೂ ಗೊತ್ತಿದ್ದಿರಬಹುದಲ್ಲ? ಅದಕ್ಕಾಗಿ ಮೆಸ್ಮರಿಸಮ್ಮಿನ ಗಂಧಗಾಳಿಯೂ ಇಲ್ಲದ ಮನೆಯ ಆಳೊಬ್ಬನನ್ನು ಕರೆದರು. ಔಷಧಿಯೊಂದು ತಯಾರಾಗುತ್ತಿದೆ, ಕಣ್ಣು ಕದಲಿಸದೆ ನೋಡುತ್ತಿರು ಎಂದಷ್ಟೇ ಹೇಳಿದರು. ಅಂಥ ಕೆಲಸ ಅವನಿಗೆ ರೂಢಿಯೇ ಆಗಿತ್ತು. ಎರಡೂವರೆ ನಿಮಿಷದಲ್ಲಿ ಅವನ ಗದ್ದ ಎದೆಗೆ ಒರಗಿತು.

ಪ್ರಯೋಗಕ್ಕೆ ಕೂತವರಿಗೆ ಅದರ ನಿಜವಾದ ಉದ್ದೇಶ ಗೊತ್ತಿರಬಾರದು ಎಂಬ ಎಚ್ಚರ ಇಂದು ಮನೋವಿಜ್ಞಾನದ ಮೊದಲ ಪಾಠಗಳಲ್ಲೊಂದು. ಆ ಎಚ್ಚರಕ್ಕೆ ಬ್ರೇಡ್ ಒಬ್ಬರೇ ವಾರಸುದಾರರಲ್ಲ. 1784ರಲ್ಲಿ ಪ್ಯಾರಿಸ್ಸಿನಲ್ಲಿ ಬೆಂಜಮಿನ್ ಫ್ರಾಂಕ್ಲಿನ್, ಲಾವೋಸಿಯೇ ಇದ್ದ ಸಮಿತಿ ಕಣ್ಣಿಗೆ ಬಟ್ಟೆ ಕಟ್ಟಿ ಮೆಸ್ಮರಿಸಂಗೆ ಹೆಸರು ಕೊಟ್ಟ ಮೆಸ್ಮರನ ಕಾಂತಶಕ್ತಿಯ ವಾದವನ್ನು ಪರೀಕ್ಷಿಸಿತ್ತು. ವೈದ್ಯ ಜಾನ್ ಹೇಗಾರ್ತ್ 1799ರಲ್ಲಿ ಬಾತ್ ಊರಿನ ಆಸ್ಪತ್ರೆಯಲ್ಲಿ, ನೋವು ಎಳೆದು ತೆಗೆಯುತ್ತವೆಂದು ದುಬಾರಿ ಬೆಲೆಗೆ ಮಾರಾಟವಾಗುತ್ತಿದ್ದ ಲೋಹದ ಕಡ್ಡಿಗಳಂತೆಯೇ ಕಾಣುವ ಮರದ ಕಡ್ಡಿಗಳನ್ನು ಐದು ಮಂದಿ ಸಂಧಿವಾತದ ರೋಗಿಗಳ ಮೇಲೆ ಆಡಿಸಿದ್ದರು. ನಾಲ್ವರು ನೋವು ಇಳಿಯಿತೆಂದರು. ಇದು ಕಲ್ಪನೆಯ ಕೆಲಸ ಎಂದು ಪ್ಯಾರಿಸ್ಸಿನ ಸಮಿತಿಯೂ ಹೇಗಾರ್ತ್ ಅವರೂ ತೀರ್ಮಾನಿಸಿದರು. ಬ್ರೇಡ್ ಮುಂದಿನ ಪ್ರಶ್ನೆ ಕೇಳಿದರು. ಕಲ್ಪನೆಯೇ ಆದರೆ, ಮೈಯ ಮೇಲೆ ಇಷ್ಟೊಂದು ಅಧಿಕಾರ ಅದಕ್ಕೆ ಬಂದದ್ದು ಹೇಗೆ?

ಬ್ರೇಡ್ ಅವರ ಮಾತನ್ನು ಜನ ಸುಲಭವಾಗಿ ಒಪ್ಪಲಿಲ್ಲ. ಮೆಸ್ಮರಿಸಂ ಸೈತಾನನ ಕೈವಾಡ ಎಂದು 1842ರ ಏಪ್ರಿಲಿನಲ್ಲಿ ಲಿವರ್‌ಪೂಲಿನ ಪಾದ್ರಿಯೊಬ್ಬರು ಪ್ರವಚನ ಮಾಡಿದರು. ಅದೇ ವರ್ಷ ಬ್ರಿಟಿಷ್ ಅಸೋಸಿಯೇಷನ್ನಿನ ವಿಜ್ಞಾನ ಸಮಾವೇಶ ಮ್ಯಾಂಚೆಸ್ಟರಿನಲ್ಲೇ ನಡೆದಾಗ ವೈದ್ಯಕೀಯ ವಿಭಾಗ ಬ್ರೇಡ್ ಅವರ ಪ್ರಬಂಧವನ್ನು ತಿರಸ್ಕರಿಸಿತು. ಅವರು ಅಥೀನಿಯಮ್ಮಿನಲ್ಲಿ ತಾವೇ ಸಭೆ ಕರೆದು ವಿಷಯ ಮಂಡಿಸಿದರು.

ಇಷ್ಟು ಎಚ್ಚರದ ಬ್ರೇಡ್ ಕೂಡ ಎಡವಿದರು. 1843ರಲ್ಲಿ ಬಂದ ಅವರ ‘ನ್ಯೂರಿಪ್ನಾಲಜಿ’ ಸಮ್ಮೋಹನಕ್ಕೆ ಹಿಪ್ನಾಟಿಸಂ ಎಂಬ ಹೆಸರನ್ನು ಇಂಗ್ಲಿಷ್ ಓದುಗರ ನಡುವೆ ನೆಲೆಗೊಳಿಸಿದ ಪುಸ್ತಕ. ತಲೆಬುರುಡೆಯ ಒಂದೊಂದು ಭಾಗದಲ್ಲಿ ಒಂದೊಂದು ಗುಣ ನೆಲೆಸಿದೆ ಎನ್ನುವ ಕಪಾಲಶಾಸ್ತ್ರಕ್ಕೆ ಬೆಂಬಲವೂ ಅದರಲ್ಲಿದೆ. ಸಮ್ಮೋಹನದಲ್ಲಿದ್ದವರ ತಲೆಯ ಮೇಲೆ ‘ಭಕ್ತಿ’ಯ ಜಾಗ ಮುಟ್ಟಿದರೆ ಅವರು ಮಂಡಿಯೂರಿ ಪ್ರಾರ್ಥಿಸುತ್ತಾರೆ ಎಂದು ಉದಾಹರಣೆಗಳ ಸಮೇತ ಬರೆದರು. ಮುಂದಿನ ಕೆಲವೇ ವರ್ಷಗಳಲ್ಲಿ, ಬೇರೆಯವರ ಮಾತಿಗೆ ಒಡ್ಡುತ್ತಿದ್ದ ಪರೀಕ್ಷೆಯನ್ನೇ ತಮ್ಮ ಮಾತಿಗೂ ಒಡ್ಡಿದರು. ಬೇರೆ ಜಾಗ ಮುಟ್ಟಿದರೂ ಅದೇ ಫಲ ಬರಿಸಬಹುದಿತ್ತು. ದನಿಯ ಏರಿಳಿತ, ಮುಟ್ಟುವ ರೀತಿ, ಸುತ್ತಲಿನವರ ಮಾತು, ಯಾವುದೋ ಒಂದು ಸುಳಿವು ದಾಟಿದ್ದರೆ ಸಾಕಿತ್ತು. ಅದು ಬುರುಡೆಯ ಗುಣವಲ್ಲ, ಸೂಚನೆಯ ಫಲ ಎಂಬಲ್ಲಿಗೆ ಬ್ರೇಡ್ ಬಂದು ನಿಂತರು. ಸಮ್ಮೋಹನ ಕಂಡುಕೊಂಡದ್ದಕ್ಕಿಂತಲೂ ಅವರು ಮಾಡಿದ ದೊಡ್ಡ ಕೆಲಸ ಇದು ಎಂದೇ ನನ್ನ ನಂಬಿಕೆ. ಅಚ್ಚಾದ ಮಾತನ್ನು ಹಿಂದಕ್ಕೆ ಪಡೆಯುವುದು ವಿಜ್ಞಾನಿಗೆ ಇಂದಿಗೂ ಕಷ್ಟದ ಕೆಲಸ.

ಆ ಅನುಭವವೆಲ್ಲ ಬ್ರೇಡ್ ಅವರ 1846ರ ಪುಸ್ತಿಕೆಯಲ್ಲಿ ಫಲ ಕೊಟ್ಟಿತು. ಪ್ಯಾರಾಫಿನ್ ಕಂಡುಹಿಡಿದ ರಸಾಯನಶಾಸ್ತ್ರಜ್ಞ ಬ್ಯಾರನ್ ರೈಶನ್‌ಬಾಖ್, ಅಯಸ್ಕಾಂತದಿಂದ ಹೊಸ ಶಕ್ತಿಯೊಂದು ಹೊಮ್ಮುತ್ತದೆ, ಸೂಕ್ಷ್ಮ ಸ್ವಭಾವದವರಿಗೆ ಕತ್ತಲಲ್ಲಿ ಅದು ಜ್ವಾಲೆಯಂತೆ ಕಾಣುತ್ತದೆ ಎಂದು ಸಾರಿದ್ದರು. ಬ್ರೇಡ್ ಪರೀಕ್ಷಿಸಿ ನೋಡಿದರು. ಅಂಗೈ ಮೇಲೆ ಅಯಸ್ಕಾಂತ ಆಡಿಸುವುದನ್ನು ನೋಡುತ್ತಿದ್ದವರಿಗೆ ಬಿಸಿ, ತಂಪು, ಜುಮ್ಮೆನ್ನುವಿಕೆ, ಸೆಳೆತ ಎಲ್ಲವೂ ಆಗುತ್ತಿತ್ತು. ಕಣ್ಣಿಗೆ ಮರೆಮಾಡಿದರೆ ಏನೂ ಇಲ್ಲ. ಏನೋ ಮಾಡುತ್ತಿದ್ದಾರೆ ಎಂಬ ನಂಬಿಕೆ ಹುಟ್ಟಿಸಿ ಸುಮ್ಮನೆ ಕೂತರೆ ಮತ್ತೆ ಎಲ್ಲವೂ ಶುರು! ಲಂಡನ್ನಿನಲ್ಲಿ ವೈದ್ಯರೊಬ್ಬರು ತಮ್ಮ ರೋಗಿಯ ಮೇಲೆ ಅಯಸ್ಕಾಂತದ ಪ್ರಭಾವ ತೋರಿಸಿದಾಗ, ಅದಕ್ಕೆ ಸರಿಸಮನಾದ ಸಾಧನ ತಮ್ಮಲ್ಲೂ ಇದೆ ಎಂದು ಬ್ರೇಡ್ ಆಕೆಗೆ ಕೇಳುವಂತೆ ಹೇಳಿ ಜೇಬಿನಿಂದ ತೆಗೆದು ಕೊಟ್ಟರು. ಪರಿಣಾಮ ಕೂಡಲೇ ಕಂಡಿತು. ಆ ಸಾಧನ ಅವರ ಪ್ರಯಾಣದ ಪೆಟ್ಟಿಗೆಯ ಬೀಗದ ಕೈ.

ಯಾರೂ ಸುಳ್ಳು ಹೇಳುತ್ತಿರಲಿಲ್ಲ ಎಂಬುದನ್ನು ಬ್ರೇಡ್ ಒತ್ತಿ ಹೇಳಿದರು. ನಿರೀಕ್ಷೆಯೇ ಅನುಭವವನ್ನು ಹುಟ್ಟಿಸುತ್ತಿತ್ತು. ಗಮನವನ್ನು ಒಂದೆಡೆ ನಿಲ್ಲಿಸಿದರೆ ಏನಾಗುತ್ತದೆ ಎಂದು ತಿಳಿಯಲು ಅವರು ನಮ್ಮ ದೇಶದತ್ತಲೂ ನೋಡಿದ್ದರು. ಮೂಗಿನ ತುದಿಯಲ್ಲಿ ದೃಷ್ಟಿ ನಿಲ್ಲಿಸುವ ಯೋಗಿಗಳ ಸಾಧನೆಯನ್ನು ತಮ್ಮ ಪ್ರಯೋಗಗಳ ಜೊತೆ ಹೋಲಿಸಿದರು. ರಣಜಿತ್ ಸಿಂಗನ ಕಾಲದಲ್ಲಿ ಲಾಹೋರಿನಲ್ಲಿ ಮಣ್ಣಿನಡಿ ಇದ್ದು ಜೀವಂತವಾಗಿ ಹೊರಬಂದನೆಂಬ ಫಕೀರನ ವರದಿಗಳನ್ನು 1850ರ ಪುಸ್ತಕದಲ್ಲಿ ಚರ್ಚಿಸಿದರು. 1860ರ ಮಾರ್ಚ್ 25ರಂದು ಮ್ಯಾಂಚೆಸ್ಟರಿನಲ್ಲಿ ತೀರಿಕೊಂಡರು.

ಅವರ ಪಾಠವನ್ನು ಮನೋವಿಜ್ಞಾನ ಮತ್ತೆ ಮತ್ತೆ ಹೊಸದಾಗಿ ಕಲಿಯಬೇಕಾಯಿತು. ಬರ್ಲಿನ್ನಿನಲ್ಲಿ ಲೆಕ್ಕ ಮಾಡುತ್ತಿದ್ದ ಹ್ಯಾನ್ಸ್ ಎಂಬ ಕುದುರೆ ನಿಜಕ್ಕೂ ನೋಡುತ್ತಿದ್ದದ್ದು ಪ್ರಶ್ನೆ ಕೇಳಿದವರ ತಲೆಯ ಸಣ್ಣ ಚಲನೆಯನ್ನು ಎಂದು ಆಸ್ಕರ್ ಫುಂಗ್‌ಸ್ಟ್ 1907ರಲ್ಲಿ ತೋರಿಸಿದರು. 1963ರಲ್ಲಿ ಅಮೆರಿಕದ ರಾಬರ್ಟ್ ರೋಸೆಂಥಾಲ್ ಮತ್ತು ಕರ್ಮಿಟ್ ಫೋಡ್, ಒಂದೇ ಬಗೆಯ ಇಲಿಗಳನ್ನು ವಿದ್ಯಾರ್ಥಿಗಳಿಗೆ ಹಂಚಿ, ಕೆಲವರಿಗೆ ಮಾತ್ರ ಇವು ಜಾಣ ತಳಿ ಎಂದರು; ಆ ವಿದ್ಯಾರ್ಥಿಗಳ ಕೈಯಲ್ಲಿ ಇಲಿಗಳು ಹೆಚ್ಚು ಚೆನ್ನಾಗಿ ಕಲಿತವು. ಬ್ರೇಡ್ ಅವರಿಗೆ ಅತಿ ಹತ್ತಿರದವರು ಸಮ್ಮೋಹನವನ್ನೇ ಅಧ್ಯಯನ ಮಾಡಿದ ಮಾರ್ಟಿನ್ ಆರ್ನ್. ಸಮ್ಮೋಹನದಲ್ಲಿ ಹೆಚ್ಚು ಬಳಸುವ ಕೈ ಮರಗಟ್ಟುತ್ತದೆ ಎಂಬ ಕಟ್ಟುಕಥೆಯನ್ನು ಅವರು ಒಂದು ತರಗತಿಗೆ ಮಾತ್ರ ಹೇಳಿದರು. ಆ ತರಗತಿಯವರಲ್ಲೇ ಹೆಚ್ಚಾಗಿ ಕೈ ಮರಗಟ್ಟಿತು! 1962ರ ಪ್ರಬಂಧದಲ್ಲಿ ಅವರು ವರ್ಣಿಸಿದ ಮತ್ತೊಂದು ಪ್ರಯೋಗ ಕರುಳಿಗೆ ತಟ್ಟುವಂಥದ್ದು. ಹಾಳೆ ತುಂಬ ಕೂಡುವ ಲೆಕ್ಕ ಮಾಡಿ, ಮುಗಿಸಿದ ಹಾಳೆಯನ್ನು ಕನಿಷ್ಠ 32 ಚೂರಾಗಿ ಹರಿದು, ಮುಂದಿನ ಹಾಳೆಗೆ ಹೋಗಿ ಎಂದರೆ ಜನ ಗಂಟೆಗಟ್ಟಲೆ ಹರಿಯುತ್ತಲೇ ಕೂತರು. ಇದಕ್ಕೊಂದು ಘನ ಉದ್ದೇಶ ಇದ್ದೇ ಇರುತ್ತದೆ ಎಂಬ ವಿಶ್ವಾಸ ಅವರದು. ವಿಜ್ಞಾನಕ್ಕೆ ನೆರವಾಗಬೇಕೆಂಬ ಈ ಒಳ್ಳೆಯತನವೇ ಫಲಿತಾಂಶವನ್ನು ಕೆಡಿಸುತ್ತದೆ ಎಂದರು ಆರ್ನ್.

ಯಾರು ಪ್ರಯೋಗಕ್ಕೆ ಕೂರುತ್ತಾರೆ ಎಂಬುದು ಬ್ರೇಡ್ ಕಾಲದಿಂದಲೂ ಉಳಿದ ಪ್ರಶ್ನೆ. ಆಳು ಕೂತದ್ದು ಯಜಮಾನನ ಮುಂದೆ. 1847ರಲ್ಲಿ ಪ್ರಸಿದ್ಧ ಗಾಯಕಿ ಜೆನ್ನಿ ಲಿಂಡ್ ಎದುರು ಬ್ರೇಡ್ ಸಮ್ಮೋಹನಕ್ಕೆ ಒಳಪಡಿಸಿದವರು ದುಡಿಮೆಯ ಉಡುಪಿನಲ್ಲೇ ಬಂದಿದ್ದ ಬಡ ಹುಡುಗಿಯರು. ಬೇಡ ಎನ್ನುವ ಧೈರ್ಯ ಅವರಿಗೆ ಎಷ್ಟಿದ್ದೀತು? ಇಂದು ಆ ಜಾಗದಲ್ಲಿ ಎಷ್ಟೋ ಸಲ ಕಾಲೇಜು ವಿದ್ಯಾರ್ಥಿಗಳಿರುತ್ತಾರೆ. ಪ್ರಮುಖ ಮನೋವಿಜ್ಞಾನ ಪತ್ರಿಕೆಗಳ ಅಧ್ಯಯನಗಳಲ್ಲಿ ಭಾಗವಹಿಸಿದವರಲ್ಲಿ ಶೇಕಡಾ 96 ಮಂದಿ ಪಾಶ್ಚಾತ್ಯ ಕೈಗಾರಿಕಾ ದೇಶಗಳವರು ಎಂದು ಜೆಫ್ರಿ ಆರ್ನೆಟ್ 2008ರಲ್ಲಿ ಲೆಕ್ಕ ಕೊಟ್ಟರು. ಮೈಸೂರು ವಿಶ್ವವಿದ್ಯಾಲಯದಲ್ಲಿ 1924ರಲ್ಲಿ ಮನೋವಿಜ್ಞಾನ ವಿಭಾಗ ಕಟ್ಟಿದ ಎಂ. ವಿ. ಗೋಪಾಲಸ್ವಾಮಿ ಪಾಶ್ಚಾತ್ಯ ಬುದ್ಧಿಪರೀಕ್ಷೆಗಳನ್ನು ನಮ್ಮ ಪರಿಸರಕ್ಕೆ ಹೊಂದಿಸಲು ತೊಡಗಿದ್ದು ಈ ಲೆಕ್ಕ ಬರುವುದಕ್ಕೆ ಎಷ್ಟೋ ದಶಕ ಮೊದಲು.

ಮ್ಯಾಂಚೆಸ್ಟರ್, ಲೀಡ್ಸ್, ಬರ್ಮಿಂಗ್‌ಹ್ಯಾಮ್‌ಗಳಲ್ಲಿ ಈಗ ನಮ್ಮ ಮಕ್ಕಳೂ ಓದುತ್ತಿದ್ದಾರೆ. ಯಾವುದಾದರೂ ಮನೋವಿಜ್ಞಾನ ಪ್ರಯೋಗಕ್ಕೆ ಅವರೋ ನೀವೋ ಕೂತರೆ, ಕೊನೆಗೆ ಒಂದು ಪ್ರಶ್ನೆ ಬರಬಹುದು: ಈ ಪ್ರಯೋಗ ಯಾವುದರ ಬಗ್ಗೆ ಎಂದು ನಿಮಗನ್ನಿಸಿತು? ಸಂಶೋಧಕರಿಗೆ ಬೇಸರವಾದೀತೆಂದು ‘ಗೊತ್ತಾಗಲಿಲ್ಲ’ ಎನ್ನಬೇಡಿ. ಊಹಿಸಿದ್ದರೆ ಊಹಿಸಿದ್ದೇನೆಂದು ಹೇಳಿ, ಅವರಿಗೆ ಬೇಕಾದದ್ದನ್ನು ಕೊಡಲು ಯತ್ನಿಸಿದ್ದರೆ ಅದನ್ನೂ ಹೇಳಿ.