ಚಳಿಯ ರಾತ್ರಿಗೆ ಜರ್ಮನಿಯ ಹುಳಿ, ಚೀನಾದ ಸೋಯಾ, ನಮ್ಮ ಮಟನ್

ವ್ಯಾಪಾರ, ಉದ್ಯೋಗ ಅಂತ ಘಟ್ಟ ಹತ್ತಿ ತುಮಕೂರು, ಗುಬ್ಬಿ, ಕುಣಿಗಲ್ ಕಡೆ ನೆಲೆಸಿದ ನಮ್ಮ ಮನೆಗಳಿಗೆ ಡಿಸೆಂಬರ್ ಬಂತೆಂದರೆ ಚಳಿಯದ್ದೇ ಮಾತು. ಕರಾವಳಿಯ ಸೆಕೆಗೆ ಒಗ್ಗಿದ ಮೈ ನಮ್ಮದು. ಸಮುದ್ರಮಟ್ಟದಿಂದ ಸುಮಾರು 800 ಮೀಟರ್ ಎತ್ತರದ ತುಮಕೂರಿನ ರಾತ್ರಿ ನಮಗೆ ಸ್ವಲ್ಪ ಕಷ್ಟವೇ. ಇಶಾ ನಮಾಝ್ ಮುಗಿಸಿ ಬಂದ ಹಿರಿಯರಿಗೆ ಬಿಸಿಬಿಸಿ ಮಾಂಸದ ಸಾರು ಬೇಕು. ಮಕ್ಕಳಿಗೆ ಮಾತ್ರ ‘ಚೈನೀಸ್’ ಬೇಕು.

ಮಕ್ಕಳು ಹೇಳುವ ಚೈನೀಸ್ ಅಂದರೆ ಹೆಚ್ಚಾಗಿ ಬೀದಿ ಬದಿಯ ಗೋಬಿ ಮಂಚೂರಿ. ಅದು ಹುಟ್ಟಿದ್ದು ಚೀನಾದಲ್ಲಿ ಅಲ್ಲ, ಭಾರತದಲ್ಲೇ. 2024ರ ಮಾರ್ಚ್‌ನಲ್ಲಿ ರಾಜ್ಯ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಹಾಕುವುದನ್ನು ನಿಷೇಧಿಸಿತು. ಜೂನ್‌ನಲ್ಲಿ ಕಬಾಬ್‌ಗೂ ಅದೇ ನಿಷೇಧ ಬಂತು. ಆದರೆ ಸರ್ಕಾರ ಬೇಡ ಅಂದರೂ, ಮನೆಯಲ್ಲಿ ಗದರಿದರೂ ನಾಲಗೆ ಕೇಳುವುದಿಲ್ಲ. ಅದಕ್ಕಿಂತ ಒಳ್ಳೆಯ ರುಚಿ ಮನೆಯಲ್ಲೇ ಸಿಗಬೇಕು.

ಹಿರಿಯರಿಗೂ ಮಕ್ಕಳಿಗೂ ಒಂದೇ ಪಾತ್ರೆಯಲ್ಲಿ ಅಡುಗೆ ಆಗುವುದಿದ್ದರೆ ಹೇಗೆ? ಜರ್ಮನಿಯಲ್ಲಿ ‘ಸೌವರ್‌ಬ್ರಾಟನ್’ ಅಂತ ಒಂದು ಅಡುಗೆ ಇದೆ. ಮಾಂಸವನ್ನು ವಿನೆಗರ್, ಈರುಳ್ಳಿ, ಲವಂಗ, ಕಾಳುಮೆಣಸಿನಲ್ಲಿ ಕೆಲವು ದಿನ ನೆನೆಸಿಟ್ಟು, ಸಣ್ಣ ಉರಿಯಲ್ಲಿ ಗಂಟೆಗಟ್ಟಲೆ ಬೇಯಿಸುತ್ತಾರೆ. ಚೀನಾದ ‘ಹೊಂಗ್‌ಶಾವೊ’ ಕೂಡ ಹೀಗೆಯೇ ನಿಧಾನ. ಅಲ್ಲಿ ಸೋಯಾ, ಸಕ್ಕರೆ, ಶುಂಠಿ, ಚಕ್ರಮೊಗ್ಗು ಹಾಕುತ್ತಾರೆ. ಎರಡನ್ನೂ ಸೇರಿಸಿದರೆ ಹುಳಿ, ಸಿಹಿ, ಉಪ್ಪು ಮೂರೂ ಹದವಾಗಿ ಕೂಡುತ್ತವೆ.

ಇದೇನು ನಮಗೆ ಪೂರಾ ಹೊಸತಲ್ಲ ಮಾರಾಯ್ರೆ. ನಮ್ಮ ನೆಯ್‌ಚೋರಿಗೆ, ಬಿರಿಯಾನಿಗೆ ಬೀಳುವ ಚಕ್ರಮೊಗ್ಗಿನ ಮೂಲ ಊರು ದಕ್ಷಿಣ ಚೀನಾ ಮತ್ತು ವಿಯೆಟ್ನಾಂ ಕಡೆ. ಇನ್ನು 1843ರಲ್ಲಿ ಮಂಗಳೂರಿನಿಂದ ಕನ್ನಡದ ಮೊದಲ ಪತ್ರಿಕೆ ‘ಮಂಗಳೂರು ಸಮಾಚಾರ’ ಹೊರಡಿಸಿದ ಹರ್ಮನ್ ಮೊಗ್ಲಿಂಗ್ ಜರ್ಮನಿಯವರು.

ಒಂದು ಎಚ್ಚರಿಕೆ ಮಾತ್ರ ಬೇಕು. ಆ ದೇಶಗಳಲ್ಲಿ ಈ ಅಡುಗೆಗಳಿಗೆ ವೈನ್ ಸೇರಿಸುವುದುಂಟು, ಹೊಂಗ್‌ಶಾವೊಗೆ ಹೆಚ್ಚಾಗಿ ಹಂದಿಮಾಂಸ. ನಮಗೆ ಎರಡೂ ಬೇಡ. ಹಲಾಲ್ ಮಟನ್, ಸಾದಾ ಸಿರ್ಕ ಸಾಕು. ಸೋಯಾ ಸಾಸ್ ಕೊಳ್ಳುವಾಗ ಬಾಟಲಿಯ ಹಿಂದಿನ ಚೀಟಿ ಓದಿ, ಹಲಾಲ್ ಗುರುತು ಇದ್ದದ್ದನ್ನೇ ತನ್ನಿ.

ಮೂಳೆ ಸಹಿತ ಕಾಲಿನ ಮಾಂಸ 1 ಕೆಜಿ ತೆಗೆದುಕೊಳ್ಳಿ. ಬಲಿತ ಮಾಂಸವಾದರೂ ಚಿಂತೆಯಿಲ್ಲ. ಅದರ ಗಟ್ಟಿ ನರ, ಪೊರೆಗಳು ನಿಧಾನವಾಗಿ ಕರಗಿಯೇ ಸಾರಿಗೆ ಮಂದ ಬರುವುದು. ಅರ್ಧ ಕಪ್ ಸಿರ್ಕ, ಒಂದೂವರೆ ಕಪ್ ನೀರು, ಹೆಚ್ಚಿದ 2 ಈರುಳ್ಳಿ, 4 ಲವಂಗ, 1 ಚಮಚ ಕಾಳುಮೆಣಸು, 2 ಪಲಾವ್ ಎಲೆ ಸೇರಿಸಿ ಒಂದು ರಾತ್ರಿ ಫ್ರಿಜ್ಜಿನಲ್ಲಿ ನೆನೆಸಿಡಿ. ಗಾಜಿನ ಪಾತ್ರೆ ಅಥವಾ ಪಿಂಗಾಣಿ ಭರಣಿ ಆಗಬಹುದು. ಅಲ್ಯೂಮಿನಿಯಂ ಬೇಡ, ಹುಳಿ ಅದನ್ನು ತಿನ್ನುತ್ತದೆ.

ಮರುದಿನ ಮಾಂಸವನ್ನು ಬಸಿದು, ಒರೆಸಿ, ಎಣ್ಣೆಯಲ್ಲಿ ಕಂದು ಬಣ್ಣ ಬರುವಂತೆ ಹುರಿಯಿರಿ. ಜಜ್ಜಿದ ಶುಂಠಿ, ಬೆಳ್ಳುಳ್ಳಿ ಹಾಕಿ. ನೆನೆಸಿದ ನೀರನ್ನು ಸೋಸಿ ಹಾಕಿ ಚೆನ್ನಾಗಿ ಕುದಿಸಿ. ಆಮೇಲೆ 3 ದೊಡ್ಡ ಚಮಚ ಸೋಯಾ ಸಾಸ್, 2 ಚಮಚ ಬೆಲ್ಲ, 2 ಚಕ್ರಮೊಗ್ಗು, ಒಂದು ತುಂಡು ಚಕ್ಕೆ. ಮುಚ್ಚಳ ಮುಚ್ಚಿ, ಅತಿ ಸಣ್ಣ ಉರಿಯಲ್ಲಿ ಎರಡರಿಂದ ಎರಡೂವರೆ ಗಂಟೆ ಬಿಡಿ. ನೀರು ಇಂಗಿದರೆ ಬಿಸಿನೀರನ್ನೇ ಸೇರಿಸಿ. ಜರ್ಮನಿಯವರು ಕೊನೆಗೆ ಶುಂಠಿ ಕೇಕಿನ ಪುಡಿ ಹಾಕಿ ಸಾರನ್ನು ಮಂದ ಮಾಡುತ್ತಾರೆ. ನಾವು 2 ಚಮಚ ರಸ್ಕ್ ಪುಡಿ, ಒಂದು ಹಿಡಿ ಒಣದ್ರಾಕ್ಷಿ ಹಾಕೋಣ. ಸೋಯಾದಲ್ಲಿ ಉಪ್ಪಿರುವುದರಿಂದ ರುಚಿ ನೋಡಿಯೇ ಉಪ್ಪು ಹಾಕಿ.

ಗ್ಯಾಸ್ ಖರ್ಚಾದೀತು ಅನ್ನುವವರಿಗೂ ದಾರಿ ಇದೆ. ಗುಬ್ಬಿ, ಕುಣಿಗಲ್ ಕಡೆ ತೆಂಗಿನ ಕರಟಕ್ಕೆ ಬರವಿಲ್ಲ. ಅದರ ಕೆಂಡ ನಿಧಾನದ ಅಡುಗೆಗೆ ಹೇಳಿ ಮಾಡಿಸಿದ್ದು. ಆದರೆ ಒಲೆ ಅಂಗಳದಲ್ಲಿರಲಿ. ಚಳಿ ಅಂತ ಕೆಂಡವನ್ನು ಮುಚ್ಚಿದ ಕೋಣೆಯೊಳಗೆ ಇಡಲೇಬೇಡಿ, ಅದರ ವಿಷಾನಿಲಕ್ಕೆ ವಾಸನೆಯಿಲ್ಲ, ಜೀವಕ್ಕೇ ಅಪಾಯ. ಉಳಿದ ಸಾರನ್ನು ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ. ಮರುದಿನ ರುಚಿ ಇನ್ನೂ ಹೆಚ್ಚು.

ಜರ್ಮನಿಯಲ್ಲಿ ಇದರ ಜೊತೆ ಆಲೂಗಡ್ಡೆಯ ಉಂಡೆ ಇಡುತ್ತಾರೆ. ನಮ್ಮಲ್ಲಿ ಹಿರಿಯರಿಗೆ ಅಕ್ಕಿಯ ಪುಂಡಿ ಅಥವಾ ಪತ್ತಿರ್, ತುಮಕೂರಿನಲ್ಲೇ ಹುಟ್ಟಿ ಬೆಳೆದ ಮಕ್ಕಳಿಗೆ ರಾಗಿ ಮುದ್ದೆ. ಪಕ್ಕದಲ್ಲಿ ಸಿರ್ಕ, ಉಪ್ಪು ಹಾಕಿ ಕಲೆಸಿದ ಎಲೆಕೋಸು.

ಹೊತ್ತು ಹಿಡಿಯುವ ಅಡುಗೆ ನಿಜ, ಆದರೆ ಅಷ್ಟೂ ಹೊತ್ತು ಒಲೆ ಮುಂದೆ ನಿಲ್ಲಬೇಕಾಗಿಲ್ಲ. ಪಾತ್ರೆ ತನ್ನಷ್ಟಕ್ಕೆ ಬೇಯುತ್ತಿರುವಾಗ ಉಮ್ಮನಿಗೂ ಸ್ವಲ್ಪ ಕೂರಲು ಬಿಡುವು. ಅಂಗಡಿ ಮುಚ್ಚಿ ಬರುವವರು, ಟ್ಯೂಷನ್ ಮುಗಿಸಿ ಬರುವವರು ಒಬ್ಬೊಬ್ಬರೇ ಉಣ್ಣುವ ಮನೆಗಳಲ್ಲಿ ವಾರಕ್ಕೊಂದು ರಾತ್ರಿಯಾದರೂ ಎಲ್ಲರೂ ಒಂದೇ ಸುಪ್ರದ ಸುತ್ತ ಕೂರಲಿ. ಈ ಭಾನುವಾರ ಮಾಡಬೇಕೆಂದಿದ್ದರೆ ಶನಿವಾರ ರಾತ್ರಿಯೇ ಮಾಂಸ ನೆನೆಸಿಡಿ.